ಹನ್ನೊಂದನೇ ಬ್ಯಾಚಿನ ನೋಟ್ಸ್

ಯುಟ್ರೆಕ್ಟ್
೯ ನವೆಂಬರ್ ೨೦೨೫, ಭಾನುವಾರ

ಪ್ರೀತಿಯ ಅಮ್ಮೂ,

ಹೀಗೆ ಕರೆಯುವ ಸಲಿಗೆ ನನಗೆ ಇನ್ನೂ ಉಳಿದಿದೆಯೋ ಇಲ್ಲವೋ ಗೊತ್ತಿಲ್ಲ. ಮೊದಲು ಬೇರೆ ಹಾಳೆಯಲ್ಲಿ "ಅಮೂಲ್ಯಾ ಅವರಿಗೆ" ಎಂದು ಶುರು ಮಾಡಿದ್ದೆ. ಓದಿ ನೋಡಿದರೆ ಬ್ಯಾಂಕಿನವರ ನೋಟಿಸಿನ ಹಾಗಿತ್ತು, ಹರಿದು ಹಾಕಿದೆ. ನೀನು ಹೇಗಿದ್ದೀಯ, ಮನೆಯಲ್ಲಿ ಎಲ್ಲರೂ ಹೇಗಿದ್ದಾರೆ ಎಂದು ಕೇಳಬೇಕು, ಕೇಳುತ್ತಿದ್ದೇನೆ. ಪತ್ರ ತಡವಾಯಿತು, ಬೇಜಾರು ಮಾಡಿಕೊಳ್ಳಬೇಡ ಎಂದೂ ಬರೆಯಬೇಕು. ಆದರೆ ಹದಿನಾಲ್ಕೂವರೆ ವರ್ಷ ತಡವಾದರೆ ಯಾವ ಮಾತಿನಲ್ಲಿ ಕ್ಷಮೆ ಕೇಳುತ್ತಾರೋ ನನಗೆ ತಿಳಿಯದು. ಕೋಪ ಬಂದರೂ ಕೊನೆತನಕ ಓದು, ಆಮೇಲೆ ಬೇಕಾದರೆ ಒಲೆಗೆ ಹಾಕು.

ಸುತ್ತಿ ಬಳಸದೆ ಮೊದಲೇ ಹೇಳಿಬಿಡುತ್ತೇನೆ. ೨೦೧೧ರ ಮಾರ್ಚಿನಲ್ಲಿ, ನಾವಿಬ್ಬರೂ ಓದುತ್ತಿದ್ದ ಗ್ರೋನಿಂಗನ್ನಿನಲ್ಲಿ, ನಮ್ಮ ರಾಗಿ ಬಿಯರಿನ ಹನ್ನೊಂದನೇ ಬ್ಯಾಚಿನ ನೋಟ್ಸಿನಲ್ಲಿ ನೀನು ನನಗೆ ಬರೆದದ್ದನ್ನು ನಾನು ಓದಿದ್ದು ಹೋದ ತಿಂಗಳು. ಹೌದು ಕಣೇ, ಹೋದ ತಿಂಗಳು. ಸಿಂಧೂ ಅದನ್ನು ಅಂದೇ ಓದಿದಳು, ಓದಿಯೂ ತುಟಿ ಬಿಚ್ಚಲಿಲ್ಲ ಎಂದು ನೀನು ಇಷ್ಟು ವರ್ಷ ತಿಳಿದುಕೊಂಡಿರುತ್ತೀಯ. ನೀನು ಊರಿಗೆ ಹೋದ ಮೇಲೆ ನಾನು ಬರೆದ ಎರಡು ಮೇಲ್‌ಗಳಿಗೆ ನೀನು ಉತ್ತರ ಬರೆಯದೇ ಇದ್ದದ್ದಕ್ಕೆ ಅದೇ ಕಾರಣ ಎಂದು ಈಗ ಗೊತ್ತಾಗಿದೆ. ನಾನು ಓದಿ ಸುಮ್ಮನಾದವಳಲ್ಲ, ಇದು ನಿನಗೆ ತಿಳಿಯಲೇಬೇಕು. ನಿನ್ನ ಹತ್ತಿರ ನನಗೆ ಬೇಕಾಗಿರುವುದು ಇದೊಂದೇ.

ನಿನ್ನ ವಿಳಾಸ ಕೊಟ್ಟವಳು ಮಾನಸ. ನಮ್ಮ ಕ್ಲಾಸಿನಲ್ಲಿದ್ದ ಹಾವೇರಿಯ ಮಾನಸಳೇ, ಈಗ ಆಮ್‌ಸ್ಟರ್‌ಡ್ಯಾಮಿನಲ್ಲಿ ಯಾವುದೋ ದೊಡ್ಡ ಬ್ಯಾಂಕಿನಲ್ಲಿದ್ದಾಳೆ. ತಂಗಿಯ ಮದುವೆ ಕಾರ್ಡು ಮಾಡಿಸಲು ರಾಣೆಬೆನ್ನೂರಿಗೆ ಬಂದವಳು ನಿನ್ನ ಪ್ರೆಸ್ಸಿಗೇ ಬಂದಿದ್ದಳಂತೆ. ಈಗ ಪ್ರೆಸ್ ಪೂರ್ತಿ ನಿನ್ನ ಕೈಯಲ್ಲಿದೆ, ಕಾಕಾ ಬರೀ ಕುರ್ಚಿಯಲ್ಲಿ ಕುಳಿತು ಬಂದವರನ್ನು ಮಾತಾಡಿಸುತ್ತಾರೆ, ನಿನಗೆ ಇಬ್ಬರು ಮಕ್ಕಳು, ಫ್ಲೆಕ್ಸ್ ಮಷೀನಿನ ಮುಂದೆ ನಿಂತು ಗಂಡಸರಿಗೆ ಬೈಯುತ್ತೀಯ ಎಂದೆಲ್ಲ ಹೇಳಿದಳು. ಬೈಯುತ್ತೀಯ ಎಂದು ಕೇಳಿ ಖುಷಿಯಾಯಿತು. ನಂಬರನ್ನೂ ಕೊಟ್ಟಳು. ವಾಟ್ಸಾಪಿನಲ್ಲಿ "ಅಮ್ಮೂ, ನಾನು ಸಿಂಧೂರ" ಎಂದು ಕಳಿಸಿದೆ. ಎರಡು ನೀಲಿ ಗೆರೆ ಬಂತು, ಅಷ್ಟೇ. ನಾನು ನಿನ್ನ ಜಾಗದಲ್ಲಿದ್ದಿದ್ದರೆ ಬ್ಲಾಕ್ ಮಾಡಿರುತ್ತಿದ್ದೆ. ನೀನು ಹಾಗೆ ಮಾಡಲಿಲ್ಲ ಎನ್ನುವ ಧೈರ್ಯದ ಮೇಲೆ ಪೆನ್ನು ಹಿಡಿದಿದ್ದೇನೆ. ನನ್ನ ಅಕ್ಷರ ಮೊದಲೇ ಕೋಳಿ ಕಾಲು, ಈಗ ಅಭ್ಯಾಸವೂ ಇಲ್ಲ, ಸಹಿಸಿಕೋ.

ನನ್ನ ಸಮಾಚಾರ ಹೆಚ್ಚೇನಿಲ್ಲ. ಯುಟ್ರೆಕ್ಟಿನಲ್ಲಿ ಕೆಲಸ, ಯುಟ್ರೆಕ್ಟಿನಲ್ಲೇ ಮನೆ. ಗಂಡ ಚರಣ್ ದಿನಾ ಆಮ್‌ಸ್ಟರ್‌ಡ್ಯಾಮಿಗೆ ರೈಲಿನಲ್ಲಿ ಹೋಗಿ ಬರುತ್ತಾನೆ, ರೈಲು ರದ್ದಾದ ದಿನ ಇಡೀ ದೇಶವನ್ನು ಬೈಯುತ್ತಾನೆ. ಮಗಳು ಇಂಚರಾಗೆ ಏಳು ವರ್ಷ. ಕನ್ನಡದಲ್ಲಿ ಕೇಳಿದರೆ ಡಚ್‌ನಲ್ಲಿ ಉತ್ತರ, ಡಚ್‌ನಲ್ಲಿ ಕೇಳಿದರೆ ಉತ್ತರವೇ ಇಲ್ಲ. ಬಿಯರ್ ಮಾಡುವುದನ್ನು ನೀನು ಹೋದ ಮೇಲೆ ಬಿಟ್ಟಿದ್ದೆ. ಮೂರು ವರ್ಷದ ಹಿಂದೆ ಮತ್ತೆ ಶುರು ಮಾಡಿದೆ. ಇಲ್ಲಿ ನಮ್ಮ ಬಡಾವಣೆಯಲ್ಲಿ ಮನೆಯಲ್ಲೇ ಬಿಯರ್ ಮಾಡುವವರ ಒಂದು ಕ್ಲಬ್ ಇದೆ, ತಿಂಗಳಿಗೊಂದು ಶನಿವಾರ ಮಧ್ಯಾಹ್ನ ಸೇರುತ್ತಾರೆ. ಎಲ್ಲ ಅರವತ್ತು ದಾಟಿದ ಗಂಡಸರು, ನಡುವೆ ನಾನೊಬ್ಬಳು. ಮೊದಲ ದಿನ ಯಾರದೋ ಹೆಂಡತಿ ಕರೆಯಲು ಬಂದಿದ್ದಾಳೆ ಎಂದುಕೊಂಡಿದ್ದರಂತೆ.

ಆಗಸ್ಟಿನಲ್ಲಿ ಈ ಕ್ಲಬ್ಬಿನವರು "ನಿನ್ನ ದೇಶದ ಧಾನ್ಯದಲ್ಲಿ ಏನಾದರೂ ಮಾಡು" ಎಂದು ಪ್ರೀತಿಯಿಂದ ಪೀಡಿಸಿದರು. ನಾನು ಜಂಬದಿಂದ, ರಾಗಿ ಬಿಯರ್ ಮಾಡಿದ್ದೇನೆ, ಒಂದಲ್ಲ ಹನ್ನೊಂದು ಸಲ ಮಾಡಿದ್ದೇನೆ ಎಂದುಬಿಟ್ಟೆ. "ಮಾಡಿದ್ದೇವೆ" ಎನ್ನಲಿಲ್ಲ, "ಮಾಡಿದ್ದೇನೆ" ಎಂದೆ. ಮನೆಗೆ ಬಂದ ಮೇಲೆ ರಾಗಿ ಎಷ್ಟು ಹಾಕುತ್ತಿದ್ದೆವು ಎನ್ನುವುದೇ ನೆನಪಿಲ್ಲ. ಹಾಗಾಗಿ ರೆಸಿಪಿಗಳಿದ್ದ ನಿನ್ನ ಕೆಂಪು ಪೆನ್ ಡ್ರೈವ್ ಹುಡುಕಿದೆ. ಮೂರು ಮನೆ ಬದಲಿಸಿದರೂ ಅದು ಹೇಗೋ ನನ್ನ ಸರ್ಟಿಫಿಕೇಟುಗಳ ಫೈಲಿನಲ್ಲೇ ಉಳಿದಿತ್ತು. ನಾನು ಹುಡುಕಿದ್ದು ನಿನ್ನನ್ನಲ್ಲ, ರಾಗಿಯ ಅಳತೆಯನ್ನು. ಇದನ್ನೂ ಮುಚ್ಚಿಡುವುದಿಲ್ಲ.

ಲ್ಯಾಪ್‌ಟಾಪಿಗೆ ಹಾಕಿದರೆ ಹನ್ನೊಂದೂ ಫೈಲು ಇದ್ದವು. ಬಿಯರಿನ ಲೆಕ್ಕ ಹಾಕುವ ಆ ಸಾಫ್ಟ್‌ವೇರಿನ ಈಗಿನ ಹೊಸ ವರ್ಷನ್ನಿನಲ್ಲಿ ತೆರೆದೆ. ಬಾರ್ಲಿ ಬಂತು, ಕಹಿಗೆ ಹಾಕುವ ಹಾಪ್ಸ್ ಬಂತು, ಕುದಿಸುವ ಹೊತ್ತು ಬಂತು. ರಾಗಿ ಇರಬೇಕಾದ ಸಾಲಿನಲ್ಲಿ ನಾಲ್ಕೈದು ಪ್ರಶ್ನಾರ್ಥಕ ಚಿಹ್ನೆ, ಅದರ ಮುಂದೆ ಸೊನ್ನೆ. ರಾಗಿಯನ್ನೇ ಲೆಕ್ಕಕ್ಕೆ ಹಿಡಿಯದೆ, ಈ ಬಿಯರು ನೀರಿನಷ್ಟು ತೆಳ್ಳಗಾಗುತ್ತದೆ ಎಂದು ಬುದ್ಧಿ ಬೇರೆ ಹೇಳಿತು. ಕೆಳಗೆ ನೋಟ್ಸಿನಲ್ಲಿ ನೀನು ಬರೆದ ಕಡೆಯೆಲ್ಲ ಸಾಲುಗಟ್ಟಲೆ ಬರೀ ಪ್ರಶ್ನಾರ್ಥಕ ಚಿಹ್ನೆ.

ಕಾರಣ ನನಗೆ ತಕ್ಷಣ ಹೊಳೆಯಿತು. ನಿನಗೂ ಹೊಳೆದಿರುತ್ತದೆ. ನೀನು ಪಿಯುಸಿಯಿಂದಲೇ ಕಾಕಾನ ಪ್ರೆಸ್ಸಿನಲ್ಲಿ ಲಗ್ನಪತ್ರಿಕೆ ಟೈಪ್ ಮಾಡಿದವಳು. ಕನ್ನಡವೆಂದರೆ ನಿನಗೆ ಪ್ರೆಸ್ಸಿನ ಫಾಂಟೇ ಕನ್ನಡ. ಇಂಗ್ಲಿಷ್ ಅಕ್ಷರಗಳಿಗೆ ಕನ್ನಡದ ಅಂಗಿ ತೊಡಿಸುವ ಹಳೇ ಕಾಲದ ಫಾಂಟ್ ಅದು, ಅಂಗಿ ಬಿಚ್ಚಿದರೆ ಒಳಗೆ ಟೋಪಿ ಹಾಕಿದ, ಬಾಲ ಬಂದ ಇಂಗ್ಲಿಷ್ ಅಕ್ಷರಗಳು. ನಾವು ಬಳಸುತ್ತಿದ್ದ ಹಳೇ ವರ್ಷನ್ನಿನಲ್ಲಿ ನೋಟ್ಸಿಗೆ ಬೇಕಾದ ಫಾಂಟ್ ಆರಿಸಿಕೊಳ್ಳಬಹುದಿತ್ತು. ನೀನು ಧಾನ್ಯದ ಪಟ್ಟಿಯಲ್ಲಿ ರಾಗಿ ಇಲ್ಲ ಎಂದು ಸಿಟ್ಟು ಮಾಡಿಕೊಂಡು, ನಿನ್ನ ಫಾಂಟಿನಲ್ಲೇ ರಾಗಿ ಎಂದು ಬರೆದು ಸೇರಿಸಿದ್ದೆ. ಮುಂದಿನ ವರ್ಷನ್ ಮಾಡಿದವರು ಆ ಸೌಲಭ್ಯ ತೆಗೆದುಬಿಟ್ಟರು, ಟೋಪಿ ಬಾಲ ಇರುವ ಅಕ್ಷರ ಕಂಡಲ್ಲೆಲ್ಲ ಪ್ರಶ್ನಾರ್ಥಕ ಚಿಹ್ನೆ ಹಾಕುವಂತೆ ಮಾಡಿದರು. ಬಿಯರ್ ಮಾಡುವ ಸಾಫ್ಟ್‌ವೇರಿನಲ್ಲಿ ರಾಣೆಬೆನ್ನೂರಿನ ಹುಡುಗಿಯೊಬ್ಬಳು ಲಗ್ನಪತ್ರಿಕೆ ಫಾಂಟಿನಲ್ಲಿ ಜಗಳ ಬರೆಯುತ್ತಾಳೆ ಎಂದು ಅವರಿಗಾದರೂ ಹೇಗೆ ಗೊತ್ತಿರಬೇಕು.

ಎಷ್ಟು ಬರೆದಿದ್ದೆವು ಕಣೇ. ಪಾತ್ರೆ ಕಲಕುವವಳು ಒಬ್ಬಳು, ಟೈಪ್ ಮಾಡುವವಳು ಇನ್ನೊಬ್ಬಳು ಎಂದು ಶುರುವಾದದ್ದು. ಆಮೇಲೆ ಎದುರಿಗೆ ಹೇಳಲಾಗದ್ದನ್ನೆಲ್ಲ ನೀನು ಅಲ್ಲೇ ಬರೆಯತೊಡಗಿದೆ. ಪೆನ್ ಡ್ರೈವ್ ನನ್ನ ಬಾಗಿಲ ಸಂದಿಯಿಂದ ಒಳಗೆ ತೂರುತ್ತಿತ್ತು, ಬೆಳಿಗ್ಗೆ ಚಹಾ ಕುಡಿಯುತ್ತ ಓದುತ್ತಿದ್ದೆ, ಕೆಳಗೆ ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ ಬರೆದು ವಾಪಸ್ ತೂರಿಸುತ್ತಿದ್ದೆ. ಪಕ್ಕದ ಪಕ್ಕದ ರೂಮು. ಬಾಗಿಲು ತಟ್ಟಿ ಹೇಳಿದರೆ ಮುಗಿಯುತ್ತಿತ್ತು. ಅದು ನಮ್ಮಿಬ್ಬರಿಗೂ ಒಗ್ಗಿಹೋಗಿತ್ತು.

ಹಳೇ ವರ್ಷನ್ ಈಗ ಎಲ್ಲಿ ಸಿಗಬೇಕು? ಕಂಪನಿಯವರಿಗೆ ಬರೆದೆ, ಅದು ನಮ್ಮಲ್ಲಿಲ್ಲ ಎಂದರು. ಕ್ಲಬ್ಬಿನಲ್ಲಿ ಹೇಳಿಕೊಂಡಾಗ ಯೋಪ್ ಎನ್ನುವ ಮುದುಕ ಬಾಯಿ ಬಿಟ್ಟ. ಎಪ್ಪತ್ತೊಂದು ವರ್ಷ, ರೈಲ್ವೆಯಲ್ಲಿ ಸಿಗ್ನಲ್ ನೋಡಿಕೊಂಡಿದ್ದು ನಿವೃತ್ತನಾದವನು, ಮಾತು ಕಡಿಮೆ. ಅವನು ಹದಿನೈದು ವರ್ಷದಿಂದ ಅದೇ ಹಳೇ ವರ್ಷನ್ ಬಳಸುತ್ತಿದ್ದಾನೆ. ಅದಕ್ಕಾಗಿಯೇ ಇಂಟರ್ನೆಟ್ ತೋರಿಸದ ಒಂದು ಲ್ಯಾಪ್‌ಟಾಪ್ ಇಟ್ಟಿದ್ದಾನೆ. ನಾವೆಲ್ಲ ಅವನನ್ನು ಅದಕ್ಕೇ ಗೇಲಿ ಮಾಡುತ್ತಿದ್ದೆವು, ಎಲ್ಲರಿಗಿಂತ ಹೆಚ್ಚು ನಾನೇ. ಯಾಕೆ ಬದಲಿಸಿಲ್ಲ ಎಂದು ಒಮ್ಮೆ ಕೇಳಿದ್ದಕ್ಕೆ, ಹೊಸದು ಬಂತೆಂದು ಇದು ಲೆಕ್ಕ ತಪ್ಪಲು ಶುರು ಮಾಡಿಲ್ಲವಲ್ಲ ಎಂದಿದ್ದ. ಥೇಟ್ ನೀನು ಹೇಳುತ್ತಿದ್ದ ಮಾತೇ.

ಹೋದ ತಿಂಗಳು ಒಂದು ಶನಿವಾರ ಬೆಳಿಗ್ಗೆ ಪೆನ್ ಡ್ರೈವ್ ತೆಗೆದುಕೊಂಡು ಅವನ ಮನೆಗೆ ಹೋದೆ. ಊಟದ ಮೇಜಿನ ಮೇಲೆ ಲ್ಯಾಪ್‌ಟಾಪ್ ಇಟ್ಟು, ಕಾಫಿ ಕೊಟ್ಟು, ಡಬ್ಬಿ ತೆಗೆದು ಒಂದು ಬಿಸ್ಕತ್ತು ಕೊಟ್ಟು ಡಬ್ಬಿ ಮುಚ್ಚಿದ. ಈ ದೇಶದವರ ಪದ್ಧತಿ ನಿನಗೆ ಗೊತ್ತೇ ಇದೆ. ಪುಣ್ಯಕ್ಕೆ ನಿನ್ನ ಫಾಂಟ್ ಕೂಡ ಅದೇ ಡ್ರೈವಿನಲ್ಲಿ ಇತ್ತು. ಅದನ್ನು ಹಾಕಿ ಮೊದಲ ಫೈಲ್ ತೆರೆದೆ. ಅಮ್ಮೂ, ಕನ್ನಡ ಬಂತು. ಆ ದಪ್ಪ ದಪ್ಪ ಅಕ್ಷರದಲ್ಲಿ, ಲಗ್ನಪತ್ರಿಕೆಯಲ್ಲಿ ವಧೂವರರ ಹೆಸರು ಬಂದ ಹಾಗೆ.

ಒಂದನೇ ಬ್ಯಾಚು: "ಉಕ್ಕಿ ಎಲ್ಲಾ ಒಲಿ ಮ್ಯಾಲೆ. ಒರಸಿದಾಕಿ ನಾನು. ಸಿಂಧೂ ಫೋನಿನ್ಯಾಗ." ಎರಡನೇದರಲ್ಲಿ ರಾಗಿ ಹಿಟ್ಟು ನುಣ್ಣಗಾಗಿ, ಬಸಿಯಲು ಬಾರದೆ ಇಡೀ ಪಾತ್ರೆ ಗಟ್ಟಿಯಾಗಿ ಕೂತದ್ದು. "ಮೈಸೂರಿನಾಕಿ ಕೈಯಾಗ ಬಿಯರ್ ಕೊಟ್ರೂ ಮುದ್ದಿ ಮಾಡ್ತಾಳ" ಎಂದು ಬರೆದಿದ್ದೀಯ. ನಾಲ್ಕನೇದರಲ್ಲಿ ನಮ್ಮಮ್ಮ ಕೊಟ್ಟ ಇಂಗಿನ ಡಬ್ಬಿಯ ಮುಚ್ಚಳವನ್ನು ರೇಡಿಯೇಟರ್ ಹಿಂದೆ ಬೀಳಿಸಿದ್ದಕ್ಕೆ ತಪ್ಪೊಪ್ಪಿಗೆ. ನಾನು ಜೋರಾಗಿ ನಗುತ್ತಿದ್ದೆ, ಯೋಪ್ ಅಡುಗೆಮನೆಯಿಂದ ಇಣುಕಿ ನೋಡಿದ.

ಏಳನೇದಕ್ಕೆ ನಗು ನಿಂತಿತು. "ನಿನ್ನೆ ಆ ಹುಡುಗರ ಮುಂದ ನನ್ನ ಇಂಗ್ಲಿಷ್ ಆಡಿಕೊಂಡಿ. ನಂಗ ಸೇರಲಿಲ್ಲ." ಕೆಳಗೆ ನನ್ನ ಉತ್ತರವೂ ಇದೆ, ತಪ್ಪಾಯ್ತು, ಚಿತ್ರಾನ್ನ ಮಾಡಿಟ್ಟಿದ್ದೇನೆ, ಎದ್ದು ಬಾ ಎಂದು. ನಾನು ಆಗ ಹಾಗಿದ್ದೆ. ನಾಲಿಗೆಗೆ ಬಂದದ್ದನ್ನು ಆಡಿ, ಆಮೇಲೆ ಒಗ್ಗರಣೆ ಹಾಕುವುದು. ಚರಣ್‌ನನ್ನು ಕೇಳಿದರೆ ಈಗಲೂ ಹಾಗೇ ಇದ್ದಾಳೆ ಎನ್ನುತ್ತಾನೆ.

ಆಮೇಲೆ ಹನ್ನೊಂದನೇದು ತೆರೆದೆ. ನೀನು ಬರೆದದ್ದು ನಿನಗೆ ನೆನಪಿದೆಯೋ ಇಲ್ಲವೋ, ಒಂದಕ್ಷರ ಬಿಡದೆ ಬರೆದುಕೊಂಡು ಬಂದಿದ್ದೇನೆ.

"ಸಿಂಧೂ, ಇದನ್ನ ಮಾರಿ ನೋಡಿ ಹೇಳಾಕ ಆಗವಲ್ದು, ಅದಕ್ಕ ಇಲ್ಲಿ ಬರದೀನಿ. ಎರಡೂ ಪೇಪರ್ ಹೋದ್ವು. ಪಾಸ್ ಆಗೇನಿ ಅಂತ ನಿಂಗ ಹೇಳಿದ್ದು ಸುಳ್ಳು. ಮೂರು ವಾರಕ್ಕ ಮತ್ತೊಮ್ಮೆ ಪರೀಕ್ಷಿ ಐತಿ, ಅದ ಕಡೀದು. ಕಾಕಾ ವಾಪಸ್ ಬಾ ಅನ್ನಾಕತ್ಯಾನ. ನನಗ ಹೋಗೂ ಮನಸಿಲ್ಲ, ಒಬ್ಬಾಕೀನ ಕುಂತು ಓದೂ ಧೈರ್ಯಾನೂ ಇಲ್ಲ. ಮೊದಲನೇ ಸೆಮಿಸ್ಟರಿನ್ಯಾಗ ಕುಂತಿದ್ದಿ ನೋಡು, ಹಂಗ ಬಾಜೂಕ ಕುಂದರ್ತೀನಿ ಅಂದ್ರ ನಾ ಓದ್ತೀನಿ. ಇರು ಅಂತ ಒಂದ ಮಾತು ಅನ್ನು, ಇರ್ತೀನಿ. ಹೋಗು ಅಂದ್ರೂ ನಂಗ ಬ್ಯಾಸರಿಲ್ಲ. ಗುರುವಾರ ಮಟ ಕಾಯ್ತೀನಿ. ರಾಗಿ ಈ ಸಲ ಚಲೋ ಮೊಳಕಿ ಬಂದೈತಿ."

೨೦೧೧ರ ಮಾರ್ಚ್ ಎಂಟು, ಮಂಗಳವಾರ ಎಂದು ತಾರೀಕು ಹಾಕಿದ್ದೀಯ. ನಾನು ಆ ಸಾಲುಗಳನ್ನು ಎಷ್ಟು ಸಲ ಓದಿದೆನೋ ಗೊತ್ತಿಲ್ಲ. ಯೋಪ್‌ಗೆ ಕನ್ನಡ ಬರುವುದಿಲ್ಲ. ಅವನು ಎದುರಿಗೆ ಬಂದು ನನ್ನ ಮುಖ ನೋಡಿದ, ಒಳಗೆ ಹೋಗಿ ಬಿಸ್ಕತ್ತಿನ ಡಬ್ಬಿಯನ್ನೇ ತಂದು ಮುಚ್ಚಳ ತೆಗೆದು ನನ್ನ ಮುಂದಿಟ್ಟು, ತೋಟಕ್ಕೆ ಎಲೆ ಗುಡಿಸಲು ಹೋದ. ನಾನು ಅಲ್ಲಿ ಕೂತು ಗೊಳೋ ಎಂದು ಅತ್ತೆ.

೧೧ ನವೆಂಬರ್, ಮಂಗಳವಾರ

ಮೊನ್ನೆ ಇಲ್ಲಿಗೆ ನಿಲ್ಲಿಸಿದ್ದೆ, ಮುಂದೆ ಕೈ ಓಡಲಿಲ್ಲ. ಇವತ್ತು ಸಂತ ಮಾರ್ಟಿನ್ ಹಬ್ಬ, ಸಂಜೆಯಿಂದ ಮಕ್ಕಳು ಕಾಗದದ ಲಾಟೀನು ಹಿಡಿದು ಮನೆಮನೆಗೆ ಬಂದು ಹಾಡುತ್ತಿದ್ದಾರೆ. ಎರಡು ಸಾಲು ಬರೆಯುವುದು, ಎದ್ದು ಹೋಗಿ ಮಿಠಾಯಿ ಹಂಚುವುದು, ಹೀಗೆ ನಡೆದಿದೆ. ಇಂಚರಾ ಲಾಟೀನು ಹಿಡಿದು ಹೊರಡುವ ಮೊದಲು ಯಾರಿಗೆ ಬರೆಯುತ್ತಿದ್ದೀಯ ಎಂದು ಡಚ್‌ನಲ್ಲಿ ಕೇಳಿದಳು. ನನ್ನ ಫ್ರೆಂಡಿಗೆ ಎಂದೆ. ಹಾಗಾದರೆ ನಾನು ಯಾಕೆ ಅವರನ್ನು ಒಮ್ಮೆಯೂ ನೋಡಿಲ್ಲ ಎಂದಳು. ಕಾಲುಚೀಲ ಹಾಕಿಕೊಂಡು ಹೋಗು, ಚಳಿ ಇದೆ ಎಂದು ಕಳಿಸಿದೆ.

ಅಂದು ಏನಾಯಿತು ಎಂದರೆ ಇಷ್ಟು. ನೀನು ಅದನ್ನು ಬರೆಯುವ ಎರಡು ದಿನ ಮೊದಲು, ಭಾನುವಾರ, ನನ್ನ ಲ್ಯಾಪ್‌ಟಾಪಿನಲ್ಲಿ ಹೊಸ ವರ್ಷನ್ ಬಂದಿದೆ ಎಂದು ತೋರಿಸಿತು. ಹೊಸದು ಎಂದರೆ ನಾನು ಬಾಯಿ ಬಿಡುವವಳು, ನಿನಗೆ ಗೊತ್ತು. ನೀನು ಅಲ್ಲೇ ಮೊಳಕೆ ಬಂದು ಒಣಗಿದ ರಾಗಿ ಉಜ್ಜುತ್ತ ಕೂತಿದ್ದೆ. "ಇದ್ದದ್ದು ಚಲೋ ನಡದೈತಲ್ಲ, ಯಾಕ ಕೈ ಹಚ್ಚತಿ?" ಎಂದೆ ನೀನು. ನಾನು ನಿನ್ನನ್ನು ಅಜ್ಜಿ ಎಂದು ಕರೆದು ಬಟನ್ ಒತ್ತಿದೆ. ನೀನು ನಿನ್ನ ಲ್ಯಾಪ್‌ಟಾಪಿನಲ್ಲಿ ಹಳೆಯದನ್ನೇ ಉಳಿಸಿಕೊಂಡೆ. ಮಂಗಳವಾರ ನೀನು ಅದರಲ್ಲಿ ಬರೆದು ಪೆನ್ ಡ್ರೈವ್ ನನ್ನ ಬಾಗಿಲಿನಿಂದ ತೂರಿಸಿದೆ. ನಾನು ನನ್ನ ಹೊಸ ವರ್ಷನ್ನಿನಲ್ಲಿ ತೆರೆದೆ. ಬರೀ ಪ್ರಶ್ನಾರ್ಥಕ ಚಿಹ್ನೆ. ಥೂ ಇದರ ಎಂದು ಬೈದು, ಸೇವ್ ಮಾಡದೆ ಮುಚ್ಚಿದೆ. ಸೇವ್ ಮಾಡಿದ್ದರೆ ನೀನು ಬರೆದದ್ದು ಅಂದೇ ಅಳಿಸಿಹೋಗುತ್ತಿತ್ತು, ಅಷ್ಟು ಮಟ್ಟಿಗೆ ನನ್ನ ಸೋಮಾರಿತನವೇ ಅದನ್ನು ಕಾಪಾಡಿತು. ಹನ್ನೊಂದನೇ ಸಲದ ರಾಗಿ ಮೊಳಕೆಯ ವರದಿ ಇರಬಹುದು, ನಿಧಾನಕ್ಕೆ ನೋಡಿದರಾಯಿತು ಎಂದುಕೊಂಡೆ.

ನನಗೆ ಆಮೇಲೆ ಗೊತ್ತಾದದ್ದು ನೀನು ಹೊರಟಿದ್ದೀಯ ಎನ್ನುವುದು ಮಾತ್ರ. ಶನಿವಾರ ಗ್ರೋನಿಂಗನ್ ಸ್ಟೇಷನ್ನಿಗೆ ನಿನ್ನ ಚೀಲ ಹೊತ್ತು ನಾನೂ ಬಂದೆ. ದಾರಿಯುದ್ದಕ್ಕೂ ನನ್ನ ಮುಖ ಊದಿಕೊಂಡಿತ್ತು. ಪಾಸಾದವಳು, ಇನ್ನು ಒಂದು ಥೀಸಿಸ್ ಬರೆದರೆ ಮುಗಿಯುವ ಓದನ್ನು ಅರ್ಧಕ್ಕೆ ಬಿಟ್ಟು, ಕಾಕಾ ಕರೆದರೆಂದು ಓಡುತ್ತಿದ್ದಾಳೆ, ನನಗೆ ಒಂದು ಮಾತು ಹೇಳಲಿಲ್ಲ ಎಂದು ನನ್ನ ಕೋಪ. ಕೋಪ ಎಂದರೆ ಸುಳ್ಳು, ಸಂಕಟ. ನನಗೆ ಆ ಊರಿನಲ್ಲಿ ಇದ್ದವಳು ನೀನೊಬ್ಬಳು. ನೀನು ರೈಲು ಹತ್ತಿ ಕಿಟಕಿಯ ಪಕ್ಕ ಕೂತೆ, ನನ್ನನ್ನು ನೋಡಲಿಲ್ಲ, ತೊಡೆಯ ಮೇಲಿನ ಚೀಲವನ್ನೇ ನೋಡುತ್ತಿದ್ದೆ. ಎಷ್ಟು ಸೊಕ್ಕು ಇವಳಿಗೆ ಎಂದುಕೊಂಡು ರೈಲು ಬಿಡುವ ಮೊದಲೇ ನಾನು ತಿರುಗಿ ನಡೆದೆ. ಮನೆಗೆ ಹೋಗಿ ಹುದುಗುತ್ತಿದ್ದ ಹನ್ನೊಂದನೇ ಬ್ಯಾಚನ್ನು ಪೂರ್ತಿ ಸಿಂಕಿಗೆ ಚೆಲ್ಲಿದೆ. ಇಪ್ಪತ್ತು ಲೀಟರ್.

ನಿನ್ನ ಬದುಕು ಹಾಳಾಯಿತು, ನನ್ನಿಂದ ಹಾಳಾಯಿತು ಎಂದು ಮರುಗಲು ಬರೆಯುತ್ತಿದ್ದೇನೆ ಎಂದು ತಿಳಿಯಬೇಡ. ಮಾನಸ ಹೇಳಿದ್ದನ್ನು ಕೇಳಿದರೆ ನೀನು ನನಗಿಂತ ಗಟ್ಟಿಯಾಗಿ ನಿಂತಿದ್ದೀಯ. ನನಗೆ ಮೇಲಿನವರು ನಾಲ್ಕು ಜನ ಇದ್ದಾರೆ, ನಿನ್ನ ಪ್ರೆಸ್ಸಿನಲ್ಲಿ ನಿನ್ನ ಮೇಲೆ ಯಾರೂ ಇಲ್ಲ. ಆದರೆ ಆ ಮೂರು ದಿನ ನೀನು ಪಕ್ಕದ ರೂಮಿನಲ್ಲಿ ಕೂತು ನನ್ನ ಹೆಜ್ಜೆ ಸಪ್ಪಳ ಕೇಳುತ್ತಿದ್ದಿರಬೇಕು. ನಾನು ಹಾಡಿಕೊಂಡು ಬಟ್ಟೆ ಒಗೆಯಲು ಹೋದದ್ದು, ಫೋನಿನಲ್ಲಿ ನಕ್ಕದ್ದು ಎಲ್ಲವೂ ನಿನಗೆ ಕೇಳಿಸಿರುತ್ತದೆ. ಇರು ಎಂದು ಹೇಳಲು ನನಗೆ ಎರಡು ಸಲ ಯೋಚಿಸಬೇಕಾಗಿರಲಿಲ್ಲ ಅಮ್ಮೂ. ಕೂಗಿ ಹೇಳುತ್ತಿದ್ದೆ. ಮೂರು ವಾರ ಅಲ್ಲ, ಮೂರು ತಿಂಗಳಾದರೂ ಪಕ್ಕದಲ್ಲಿ ಕೂತಿರುತ್ತಿದ್ದೆ, ನಿನ್ನ ಕಾಕಾಗೆ ನಾನೇ ಫೋನ್ ಮಾಡುತ್ತಿದ್ದೆ. ಇದನ್ನು ಈಗ ಹೇಳಿ ಪ್ರಯೋಜನವಿಲ್ಲ, ಆದರೂ ನಿಜವಾದ್ದರಿಂದ ಹೇಳುತ್ತಿದ್ದೇನೆ. ಬೈಯುವುದಾದರೆ ಆ ಸಾಫ್ಟ್‌ವೇರನ್ನು ಬೈಯಬೇಕು, ಅದನ್ನು ಅಪ್‌ಡೇಟ್ ಮಾಡಿದ ನನ್ನನ್ನು ಬೈಯಬೇಕು.

ಕ್ಲಬ್ಬಿಗೆ ರಾಗಿ ಬಿಯರ್ ಮಾಡಲಿಲ್ಲ. ಅಳತೆ ಸಿಕ್ಕಿತು, ಮಾಡಲು ಮನಸ್ಸು ಬರಲಿಲ್ಲ. ಆ ರೆಸಿಪಿ ನನ್ನ ಫ್ರೆಂಡಿನದು, ನನ್ನೊಬ್ಬಳದಲ್ಲ ಎಂದು ಹೋದ ವಾರ ಅವರಿಗೆ ಹೇಳಿದೆ. ಹಾಗಾದರೆ ಅವಳನ್ನು ಕೇಳಿ ಮಾಡು ಎಂದರು. ಕೇಳಲು ನನಗೆ ಮುಖವಿಲ್ಲ ಎನ್ನುವುದನ್ನು ಡಚ್‌ನಲ್ಲಿ ಹೇಗೆ ಹೇಳಬೇಕೋ ಗೊತ್ತಾಗಲಿಲ್ಲ. ಯೋಪ್ ಮಾತ್ರ ಹಳೇ ವರ್ಷನ್ನಿನ ಸಿಡಿಯನ್ನು ಕಾಪಿ ಮಾಡಿ, ಕವರಿನ ಮೇಲೆ ತನ್ನ ಸಣ್ಣ ಅಕ್ಷರದಲ್ಲಿ, ಇನ್‌ಸ್ಟಾಲ್ ಮಾಡಲು ಬೇಕಾದ ನಂಬರು ಬರೆದು ಕೊಟ್ಟ. ಅದನ್ನೂ ಹನ್ನೊಂದು ಫೈಲುಗಳನ್ನೂ ಈ ಪತ್ರದ ಜೊತೆ ಕಳಿಸುತ್ತಿದ್ದೇನೆ. ಪ್ರೆಸ್ಸಿನಲ್ಲಿ ಸಿಡಿ ಓಡಿಸುವ ಹಳೇ ಕಂಪ್ಯೂಟರ್ ಒಂದಾದರೂ ಇರುತ್ತದೆ. ನಿನ್ನ ಬರಹ ನಿನ್ನ ಹತ್ತಿರ ಇರಲಿ.

ಉತ್ತರ ಬರೆ ಎಂದು ಕೇಳುವುದಿಲ್ಲ. ಬರೆದರೆ ಕುಣಿದಾಡುತ್ತೇನೆ, ಬರೆಯದಿದ್ದರೆ ನಿನ್ನ ಮೇಲೆ ಎಳ್ಳಷ್ಟೂ ಬೇಸರವಿಲ್ಲ. ಕಾಕಾಗೆ ನಮಸ್ಕಾರ ಹೇಳು, ಅವರ ಮೊಣಕಾಲು ಹೇಗಿದೆ ಎಂದು ಕೇಳಿದೆ ಎನ್ನು. ನಿನ್ನ ಮಕ್ಕಳಿಗೆ, ಹೆಸರು ಗೊತ್ತಿಲ್ಲದ ಈ ಚಿಕ್ಕಮ್ಮನ ಆಶೀರ್ವಾದ. ಅವರು ಯಾವ ಊರಿಗೆ ಓದಲು ಹೋದರೂ ಪಕ್ಕದಲ್ಲಿ ಕೂರುವವರು ಸಿಗಲಿ. ನೀನು ನೂರು ಕಾಲ ಚೆನ್ನಾಗಿರು ಅಮ್ಮೂ, ಹಾಗೇ ಎಲ್ಲರನ್ನೂ ಬೈಯುತ್ತಾ ಇರು.

ನಿನ್ನ,
ಸಿಂಧೂ

ಮರೆತ ಮಾತು: ಮರೆತದ್ದಲ್ಲ. ಬರೆಯದೇ ಉಳಿಸಿಕೊಂಡದ್ದು. ಲಕೋಟೆ ಅಂಟಿಸಿ, ಮತ್ತೆ ಬಿಚ್ಚಿ ಬರೆಯುತ್ತಿದ್ದೇನೆ, ಅಂಚು ಹರಿದಿರುವುದು ಅದಕ್ಕೇ.

ತಪ್ಪು ಸಾಫ್ಟ್‌ವೇರಿನದು ಎಂದು ಮೇಲೆ ಬರೆದೆನಲ್ಲ, ಅದು ಪೂರ್ತಿ ನಿಜವಲ್ಲ, ಇದು ನಿನಗೂ ಗೊತ್ತು. ನೀನು ಅದನ್ನು ಬರೆದ ಮರುದಿನ, ಬುಧವಾರ ಬೆಳಿಗ್ಗೆ ನಾನು ಕೆಳಗೆ ಸೈಕಲ್ ಬೀಗ ತೆಗೆಯುತ್ತಿದ್ದೆ. ನೀನು ಚಪ್ಪಲಿಯನ್ನೂ ಹಾಕದೆ ಇಳಿದು ಬಂದು "ನೋಟ್ಸ್ ಓದಿದೇನು?" ಎಂದು ಕೇಳಿದೆ. ಹೊಸ ವರ್ಷನ್ನಿನಲ್ಲಿ ಕನ್ನಡ ಹೋಯಿತು ಎಂದರೆ, ನಾ ಹೇಳಿರಲಿಲ್ಲೇನು ಎಂದು ನೀನು ನಗುತ್ತೀಯ ಎನಿಸಿತು. ಅಷ್ಟು ಸಣ್ಣ ವಿಷಯಕ್ಕೆ ಸೋಲಲು ನನಗೆ ಮನಸ್ಸಾಗಲಿಲ್ಲ. "ಹೂ, ಓದಿದೆ" ಎಂದೆ. ನೀನು "ಮತ್ತ?" ಎಂದೆ. ರಾಗಿಯ ವಿಷಯ ಇರಬೇಕೆಂದುಕೊಂಡು, ಸೈಕಲ್ ಹತ್ತುತ್ತಲೇ, "ಅದರಲ್ಲಿ ನನ್ನನ್ನ ಕೇಳೋದೇನಿದೆ? ನಿನಗೆ ಹೇಗೆ ಬೇಕೋ ಹಾಗೆ ಮಾಡು" ಎಂದು ಹೇಳಿ ಹೋದೆ. ಗುರುವಾರದವರೆಗೆ ಕಾಯುತ್ತೇನೆ ಎಂದು ಬರೆದಿದ್ದೆ ನೀನು. ಕಾಯುವ ಅಗತ್ಯವೇ ಬೀಳಲಿಲ್ಲ ಅಮ್ಮೂ, ಬುಧವಾರವೇ ನಾನು ಉತ್ತರ ಕೊಟ್ಟುಬಿಟ್ಟಿದ್ದೆ.